ಗೋಡೆಯಾಚೆ ನಿಂತವರು ಕೆಮ್ಮಬೇಕು



*ಇಂದಿನ ಧಮ್ಮ ಚಿಂತನೆ*

ನಮ್ಮ ಭಾನುವಾರದ ಅಧ್ಯಯನ ಕೂಟದಲ್ಲಿ ಈಚೆಗೆ ಇಬ್ಬರು ಒಂದೇ ವಿಷಯ ಹಿಡಿದು ಎರಡು ಪ್ರಶ್ನೆ ಕೇಳಿದರು. ಒಬ್ಬ ಬೆಂಗಳೂರಿನ ಖಾಸಗಿ ಕಂಪನಿಯೊಂದರಲ್ಲಿ ಮೇಲ್ ಸರ್ವರ್ ನೋಡಿಕೊಳ್ಳುವ ಹುಡುಗ. ಇನ್ನೊಬ್ಬರು ಕಚೇರಿಯೊಂದರಲ್ಲಿ ಪ್ರಥಮ ದರ್ಜೆ ಸಹಾಯಕಿಯಾಗಿರುವ ಅಕ್ಕ. ಹೊರಗೆ ಹೋಗುವ ಪ್ರತಿಯೊಂದು ಇಮೇಲಿನ ಒಂದು ಪ್ರತಿ ತಾನಾಗಿಯೇ, ಯಾರ ಕಣ್ಣಿಗೂ ಬೀಳದಂತೆ, ಇನ್ನೊಂದು ವಿಳಾಸಕ್ಕೆ ಹೋಗುವ ಹಾಗೆ ಮಾಡಿಡುವುದು ಸರಿಯೇ? ಇದೇ ವಿಷಯ. ಇದರಲ್ಲಿ ಧಮ್ಮ ಎಲ್ಲಿಂದ ಬಂತು ಎಂದು ಕೂಟದಲ್ಲಿ ಕೆಲವರು ನಕ್ಕರು. ನನಗೆ ನಗು ಬರಲಿಲ್ಲ. ಕಚೇರಿಯಲ್ಲಿ ದುಡಿಯುವ ನಮ್ಮ ಮಕ್ಕಳ ದಿನದ ಮಾತುಕತೆಯಲ್ಲಿ ಅರ್ಧ ಈಗ ಮೇಲಿನಲ್ಲೇ ನಡೆಯುತ್ತದೆ. ಸಮ್ಯಕ್ ವಾಕ್ ಅಲ್ಲಿ ಅನ್ವಯಿಸದಿದ್ದರೆ ಇನ್ನೆಲ್ಲಿ ಅನ್ವಯಿಸಬೇಕು?

ಗೊತ್ತಿಲ್ಲದವರಿಗಾಗಿ ಸ್ವಲ್ಪ ವಿವರ. ನಾನು ಟೈಪ್‌ರೈಟರ್ ಕಾಲದ ನೌಕರ, ಈಗ ನಿವೃತ್ತ. ಎರಡು ಹಾಳೆಯ ನಡುವೆ ಕಾರ್ಬನ್ ಇಟ್ಟು ಟೈಪ್ ಮಾಡಿದರೆ ಕೆಳಗಿನ ಹಾಳೆ ಕಚೇರಿ ಪ್ರತಿ. ಆ ಕಾರ್ಬನ್ ಕಾಪಿಯ ಹೆಸರೇ ಮೇಲಿನಲ್ಲಿ ‘ಸಿಸಿ’ ಎಂದು ಉಳಿದುಕೊಂಡಿದೆ. ನಮ್ಮ ಸರ್ಕಾರಿ ಪತ್ರಗಳ ಕೊನೆಯಲ್ಲಿ ‘ಪ್ರತಿಗಳು’ ಎಂದು ಬರೆದು, ಯಾರ್ಯಾರಿಗೆ ಮಾಹಿತಿಗಾಗಿ ಹೋಗಿದೆ ಎಂದು ಪಟ್ಟಿ ಹಾಕುತ್ತೇವಲ್ಲ, ಅದೇ ಸಿಸಿ. ಪತ್ರ ಪಡೆದವರಿಗೆ ಇನ್ಯಾರು ಓದುತ್ತಿದ್ದಾರೆ ಎಂಬುದು ಅಲ್ಲೇ ಗೊತ್ತಾಗುತ್ತದೆ. ‘ಬಿಸಿಸಿ’ ಎಂದರೆ ಆ ಪಟ್ಟಿಯಲ್ಲಿ ಹೆಸರು ಬರೆಯದೆ ಕಳಿಸಿದ ಪ್ರತಿ. 1982ರಲ್ಲಿ ಇಂಟರ್‌ನೆಟ್ ಮೇಲಿಗೆ ರೂಪಿಸಿದ ನಿಯಮಾವಳಿಯಲ್ಲೇ ಇದಕ್ಕೆ ಜಾಗವಿತ್ತು. ಮೇಲ್ ಒಂದು ಲಕೋಟೆಯ ಹಾಗೆ ಎಂದುಕೊಳ್ಳಿ. ಲಕೋಟೆಯ ಮೇಲೆ ಯಾರಿಗೆ ತಲುಪಿಸಬೇಕೆಂಬ ವಿಳಾಸಗಳು, ಒಳಗೆ ಪತ್ರ. ಬಿಸಿಸಿಯಲ್ಲಿ ಸರ್ವರ್ ಲಕೋಟೆಯನ್ನು ನೋಡಿ ಎಲ್ಲರಿಗೂ ತಲುಪಿಸುತ್ತದೆ. ಒಳಗಿನ ಪತ್ರದಲ್ಲಿ ಮಾತ್ರ ಆ ಒಬ್ಬರ ಹೆಸರು ಇರುವುದಿಲ್ಲ.

ಕೈಯಾರೆ ಬಿಸಿಸಿ ಹಾಕುವುದು ಬೇರೆ, ತಾನಾಗಿ ಹೋಗುವಂತೆ ಮಾಡುವುದು ಬೇರೆ. ಪೋಸ್ಟ್‌ಫಿಕ್ಸ್ ಎಂಬ ಮೇಲ್ ಸರ್ವರಿನಲ್ಲಿ ಒಂದು ಸಾಲು ಬರೆದರೆ ಸಾಕು, ಅದರ ಮೂಲಕ ಹಾಯುವ ಪ್ರತಿ ಮೇಲಿನ ನಕಲೂ ಒಂದು ವಿಳಾಸಕ್ಕೆ ಬೀಳುತ್ತದೆ. ಒಬ್ಬ ನೌಕರನ ಮೇಲುಗಳಿಗೆ ಮಾತ್ರ ಬೇಕೆಂದರೆ ಅದಕ್ಕೂ ಬೇರೆ ಸೆಟ್ಟಿಂಗ್ ಇದೆ. ಮೈಕ್ರೋಸಾಫ್ಟಿನ ಎಕ್ಸ್‌ಚೇಂಜಿನಲ್ಲೂ ಆಡಳಿತಗಾರ ನಾಲ್ಕು ಕ್ಲಿಕ್ಕಿನಲ್ಲಿ ಇದನ್ನು ಮಾಡಬಹುದು. ಇಂಥ ಸೆಟ್ಟಿಂಗಿಗೆ ಆ ಜನ ಇಟ್ಟಿರುವ ಹೆಸರು ‘ರೂಲ್’. ಈ ಪದವನ್ನು ನೆನಪಿಟ್ಟುಕೊಳ್ಳಿ.

ಹುಡುಗನ ಕಥೆ ಇಷ್ಟು. ಒಂದು ವಿಭಾಗದ ಮುಖ್ಯಸ್ಥ ಇವನ ಬಳಿ ಬಂದು ಬಾಯಿಮಾತಿನಲ್ಲಿ ಹೇಳಿದ: ‘ನನ್ನ ಟೀಮಿನ ಆ ಹೆಣ್ಣುಮಗಳು ಕಳಿಸುವ ಎಲ್ಲಾ ಮೇಲುಗಳೂ ನನಗೂ ಬರಬೇಕು. ಅವಳಿಗೆ ಗೊತ್ತಾಗಬಾರದು. ಕೆಲಸದ ಗುಣಮಟ್ಟ ನೋಡಬೇಕು ಅಷ್ಟೇ.’ ಹುಡುಗ ಆ ಹೆಣ್ಣುಮಗಳನ್ನು ಕ್ಯಾಂಟೀನಿನಲ್ಲಿ ನೋಡಿದ್ದು ಬಿಟ್ಟರೆ ಪರಿಚಯವಿಲ್ಲ. ಆದರೆ ಅವನಿಗೆ ತಕ್ಷಣ ಹೊಳೆದದ್ದು ಒಂದೇ. ಈ ರೂಲಿಗೆ ಯಾವ ಮೇಲ್ ಬಿಡಬೇಕು ಎಂಬುದು ತಿಳಿಯುವುದಿಲ್ಲ. ನಾಳೆ ಅವಳು ಕಂಪನಿಯ ಆಂತರಿಕ ಸಮಿತಿಗೆ ಲೈಂಗಿಕ ಕಿರುಕುಳದ ದೂರು ಬರೆದರೆ, ಆ ದೂರು ಇದೇ ಮುಖ್ಯಸ್ಥನ ಮೇಲಾದರೆ, ಅದರ ಪ್ರತಿಯೂ ಸಮಿತಿಗೆ ತಲುಪುವ ಗಳಿಗೆಯಲ್ಲೇ ಅವನ ಮೇಜಿಗೂ ಹೋಗಿರುತ್ತದೆ. 2013ರ ಕಾಯ್ದೆ ಅಂಥ ದೂರಿನ ವಿವರ ಗುಟ್ಟಾಗಿರಬೇಕು ಎನ್ನುತ್ತದೆ. ಸರ್ವರ್ ಕಾಯ್ದೆ ಓದಿಲ್ಲ.

ಹುಡುಗ ಕೇಳಿದ್ದು: ‘ಸರ್, ನಾನು ಬರೀ ಸೆಟ್ಟಿಂಗ್ ಮಾಡುವವನು. ಓದುವವನು ಅವನು. ಪಾಪ ಯಾರದು?’

ಪಾಪ ಎನ್ನುವುದಕ್ಕಿಂತ ಅಕುಸಲ ಎನ್ನೋಣ ಎಂದು ಅವನನ್ನು ಸ್ವಲ್ಪ ತಮಾಷೆ ಮಾಡಿದೆವು. ಆಮೇಲೆ ವಿನಯ ಪಿಟಕ ತೆಗೆದೆವು.

ಭಿಕ್ಕುಗಳ ಪಾತಿಮೊಕ್ಖದಲ್ಲಿ 92 ಪಾಚಿತ್ತಿಯ ನಿಯಮಗಳಿವೆ. ಅವುಗಳಲ್ಲಿ 78ನೆಯದು ಕದ್ದು ಕೇಳುವುದರ ಬಗ್ಗೆ. ಪಾಲಿಯಲ್ಲಿ ಅದನ್ನು ಉಪಸ್ಸುತಿ ಎನ್ನುತ್ತಾರೆ. ಅದರ ಹಿನ್ನೆಲೆಯೂ ನಮ್ಮ ಕಚೇರಿಗಳ ಹಾಗೇ ಇದೆ. ಸಾವತ್ಥಿಯಲ್ಲಿ ಆರು ಜನ ಭಿಕ್ಕುಗಳ ಒಂದು ಗುಂಪಿತ್ತು, ಜಗಳಗಂಟರು. ಒಳ್ಳೆಯ ಭಿಕ್ಕುಗಳ ಜೊತೆ ಜಗಳವಾಡಿದರು. ಆ ಒಳ್ಳೆಯವರು ತಮ್ಮತಮ್ಮಲ್ಲೇ, ಈ ನಾಚಿಕೆ ಇಲ್ಲದವರ ಜೊತೆ ವಾದ ಮಾಡಿ ಫಲವಿಲ್ಲ ಎಂದು ಮಾತಾಡಿಕೊಂಡರು. ಈ ಆರು ಜನ ಮರೆಯಲ್ಲಿ ನಿಂತು ಕೇಳಿಸಿಕೊಂಡು, ಆಮೇಲೆ ಎದುರು ಬಂದು, ನಮ್ಮನ್ನು ನಾಚಿಕೆಗೇಡಿಗಳು ಎಂದಿರಾ ಎಂದು ತಿರುಗಿಬಿದ್ದರು. ನಿಮಗೆ ಹೇಗೆ ಗೊತ್ತಾಯಿತು ಎಂದರೆ, ನಿಂತು ಕೇಳಿಸಿಕೊಂಡೆವು ಎಂದರು. ಜಗಳ ನಡೆಯುತ್ತಿರುವಾಗ, ಅವರು ಏನು ಹೇಳುತ್ತಾರೋ ಕೇಳೋಣ ಎಂಬ ಉದ್ದೇಶದಿಂದಲೇ ಮರೆಯಲ್ಲಿ ನಿಂತು ಕಿವಿಗೊಡುವುದು ತಪ್ಪು ಎಂಬ ನಿಯಮ ಆಗ ಬಂತು.

ನನಗೆ ಬಹಳ ಹಿಡಿಸಿದ್ದು ನಿಯಮಕ್ಕಿಂತ ಅದರ ಕೆಳಗಿನ ವಿವರಣೆ. ನೀವು ಒಂದು ಕಡೆ ಇದ್ದೀರಿ, ಕದ್ದು ಕೇಳುವ ಯೋಚನೆಯೇ ಇಲ್ಲ. ಅಷ್ಟರಲ್ಲಿ ಬೇರೊಬ್ಬರು ಏನೋ ಗುಟ್ಟು ಮಾತಾಡಿಕೊಳ್ಳುತ್ತಾ ಅಲ್ಲಿಗೇ ಬಂದರು. ಆಗ ಏನು ಮಾಡಬೇಕು? ಕೆಮ್ಮಬೇಕು. ನಾನಿಲ್ಲಿದ್ದೇನೆ ಎಂದು ಹೇಗಾದರೂ ತಿಳಿಸಬೇಕು. ಸುಮ್ಮನಿದ್ದರೆ ತಪ್ಪು ನಿಮ್ಮದೇ. ಎರಡೂವರೆ ಸಾವಿರ ವರ್ಷದ ಪರಂಪರೆ ಒಂದು ಕೆಮ್ಮಿಗೆ ಇಷ್ಟು ಮಹತ್ವ ಕೊಟ್ಟಿದೆ. ಕೇಳಿಸಿಕೊಳ್ಳಬೇಡ, ಕಿವಿ ಮುಚ್ಚಿಕೋ ಎಂದು ಅದು ಹೇಳಲಿಲ್ಲ. ಮಾತಾಡುವವನಿಗೆ ತನ್ನ ಮಾತು ಯಾರ ಕಿವಿಗೆ ಬೀಳುತ್ತಿದೆ ಎಂಬುದು ತಿಳಿದಿರಬೇಕು ಎಂದಿತು. ಗೊತ್ತಾದ ಮೇಲೆ ಮಾತು ಮುಂದುವರಿಸುವುದು, ನಿಲ್ಲಿಸುವುದು ಅವನ ಇಷ್ಟ.

ಗುಟ್ಟಾಗಿ ಹಾಕಿದ ತಾನೇತಾನಾದ ಬಿಸಿಸಿ ಕೆಮ್ಮದೆ ನಿಂತ ಮನುಷ್ಯ. ಅವನು ಊಟಕ್ಕೂ ಹೋಗುವುದಿಲ್ಲ, ನಿದ್ದೆಯನ್ನೂ ಮಾಡುವುದಿಲ್ಲ.

ಇನ್ನು ‘ನಾನು ಬರೀ ಸೆಟ್ಟಿಂಗ್ ಮಾಡುವವನು’ ಎಂಬ ಮಾತು. ಕಮ್ಮ ಎಂದರೆ ಚೇತನಾ, ಅಂದರೆ ಇಚ್ಛೆ ಎಂದು ನಾವೆಲ್ಲ ಓದಿದ್ದೇವೆ. ರೂಲ್ ಹಾಕುವಾಗ ಒಮ್ಮೆ ಇಚ್ಛೆ ಇತ್ತು, ಆಮೇಲೆ ಆರು ತಿಂಗಳು ಮೇಲುಗಳು ತಮ್ಮಷ್ಟಕ್ಕೆ ಹೋದವು, ಆ ಹೊತ್ತಿನಲ್ಲಿ ನಾನು ಮನೆಯಲ್ಲಿ ಮಲಗಿದ್ದೆ, ಹಾಗಾದರೆ ಕಮ್ಮ ಒಮ್ಮೆಯದೇ ಅಲ್ಲವೇ ಎಂದು ಕೂಟದಲ್ಲಿ ಒಬ್ಬರು ವಾದಿಸಿದರು. ಚೆನ್ನಾದ ವಾದ. ಆದರೆ ಹಳಬರು ಇದನ್ನೂ ಯೋಚಿಸಿದ್ದಾರೆ. ಕೊಲೆಯ ನಿಯಮಕ್ಕೆ ಬುದ್ಧಘೋಸರು ಬರೆದ ವ್ಯಾಖ್ಯಾನದಲ್ಲಿ ಒಂದು ಕೃತ್ಯ ನಡೆಯುವ ಬಗೆಗಳನ್ನು ವಿಂಗಡಿಸಿದ್ದಾರೆ. ಸ್ವಂತ ಕೈಯಿಂದ ಮಾಡುವುದು ಒಂದು. ಇನ್ನೊಬ್ಬರಿಗೆ ಆಣತಿ ಕೊಟ್ಟು ಮಾಡಿಸುವುದು ಒಂದು. ಇನ್ನೊಂದರ ಹೆಸರು ‘ಥಾವರ’, ನಮ್ಮ ಕನ್ನಡದ ಸ್ಥಾವರವೇ. ಗುಂಡಿ ತೋಡಿಡುವುದು, ಬಲೆ ಒಡ್ಡಿಡುವುದು ಇದರಲ್ಲಿ ಸೇರುತ್ತವೆ. ತೋಡಿದವನು ಊರಲ್ಲಿಲ್ಲದಿದ್ದರೂ ಯಾರಾದರೂ ಬಿದ್ದು ಸತ್ತರೆ ಹೊಣೆ ತೋಡಿದವನದು. ಮೇಲನ್ನು ಕೊಲೆಗೆ ಹೋಲಿಸುತ್ತಿಲ್ಲ, ಗಾಬರಿಯಾಗಬೇಡಿ. ಹೊಣೆ ಹೇಗೆ ಅಂಟಿಕೊಳ್ಳುತ್ತದೆ ಎಂಬ ಲೆಕ್ಕವಷ್ಟೇ ನನಗೆ ಬೇಕಾದದ್ದು. ಆಣತಿ ಮುಖ್ಯಸ್ಥನದು, ಗುಂಡಿ ಹುಡುಗನದು.

ಬಾಬಾಸಾಹೇಬರು ‘ಜಾತಿ ವಿನಾಶ’ದಲ್ಲಿ ನಿಯಮಕ್ಕೂ ತತ್ವಕ್ಕೂ ಇರುವ ವ್ಯತ್ಯಾಸವನ್ನು ಬಿಡಿಸಿ ಹೇಳಿದ್ದಾರೆ. ‘ಬುದ್ಧ ಮತ್ತು ಆತನ ಧಮ್ಮ’ದಲ್ಲಿ ಅಹಿಂಸೆಯ ಬಗ್ಗೆ ಬರೆಯುವಾಗಲೂ ಅದೇ ವ್ಯತ್ಯಾಸಕ್ಕೆ ಬರುತ್ತಾರೆ. ನಿಯಮ ಹೀಗೆ ಮಾಡು ಎನ್ನುತ್ತದೆ, ನೀನು ಮಾಡುತ್ತೀಯೆ. ತತ್ವ ನಿನ್ನನ್ನು ಯೋಚಿಸುವಂತೆ ಮಾಡುತ್ತದೆ, ಆದ್ದರಿಂದ ಹೊಣೆಯೂ ನಿನ್ನದೇ ಆಗುತ್ತದೆ. ಬರೀ ನಿಯಮಗಳ ಧರ್ಮ ಮನುಷ್ಯನನ್ನು ಯಂತ್ರ ಮಾಡುತ್ತದೆ ಎಂಬುದು ಅವರ ತಕರಾರು. ಆ ರೂಲ್ ಎಂಬ ಪದ ಈಗ ನೆನಪು ಮಾಡಿಕೊಳ್ಳಿ. ಇಲ್ಲಿ ಅದು ಉಪಮೆಯಾಗಿಯೂ ಉಳಿದಿಲ್ಲ, ಸಾಕ್ಷಾತ್ ಯಂತ್ರದಲ್ಲೇ ಕೂತಿದೆ. ಈ ಮೇಲ್ ಮೂರನೆಯವರಿಗೆ ಹೋಗಬೇಕೇ ಎಂದು ಪ್ರತಿ ಸಲ ಕೇಳಬೇಕಾದ ಮನಸ್ಸನ್ನು ಅದು ರಜೆಗೆ ಕಳಿಸಿಬಿಡುತ್ತದೆ.

ಹಾಗಂತ ಬಿಸಿಸಿಯೇ ಕೆಟ್ಟದ್ದೆಂದು ತಿಳಿಯಬೇಡಿ. ನಮ್ಮ ಕೂಟದ ತಿಂಗಳ ಸೂಚನೆ ಮೇಲಿನಲ್ಲಿ ಹೋಗುವಾಗ ಎಲ್ಲರ ವಿಳಾಸವನ್ನೂ ಬಿಸಿಸಿಯಲ್ಲೇ ಹಾಕುತ್ತೇವೆ. ಕಾರಣ ನಿಮಗೇ ಗೊತ್ತು. ನಮ್ಮಲ್ಲಿ ಎಷ್ಟೋ ಜನ ಬಾಡಿಗೆ ಮನೆಯ ಮಾಲೀಕರಿಗೆ ಇನ್ನೂ ಹೇಳಿಲ್ಲ, ಕೆಲವರು ಕಚೇರಿಯಲ್ಲಿ ಹೇಳಿಲ್ಲ. ಯಾವಾಗ, ಯಾರಿಗೆ ಹೇಳಬೇಕು ಎಂಬುದು ಅವರವರ ನಿರ್ಧಾರ. ಲಂಡನ್ನಿನ ಒಂದು ಎಚ್‌ಐವಿ ಚಿಕಿತ್ಸಾಲಯ 2015ರಲ್ಲಿ ತನ್ನ ಸುದ್ದಿಪತ್ರವನ್ನು 781 ಜನರಿಗೆ ಬಿಸಿಸಿ ಹಾಕದೆ ಕಳಿಸಿ, ಒಬ್ಬರ ವಿಳಾಸ ಇನ್ನೊಬ್ಬರಿಗೆ ಕಾಣುವಂತಾಯಿತು. ಹೆಚ್ಚಿನವುಗಳಲ್ಲಿ ಪೂರ್ತಿ ಹೆಸರೂ ಇತ್ತು. ಮರುವರ್ಷ ಆ ಆಸ್ಪತ್ರೆ ಟ್ರಸ್ಟಿಗೆ 1,80,000 ಪೌಂಡ್ ದಂಡ ಬಿತ್ತು. ಅಲ್ಲಿ ಮರೆಮಾಚುವುದೇ ಕರುಣೆಯಾಗಿತ್ತು. ಪಡೆಯುವವರನ್ನು ಒಬ್ಬರಿಂದೊಬ್ಬರಿಗೆ ಮರೆಮಾಡುವುದು ಒಂದು, ಬರೆಯುವವಳಿಂದಲೇ ಓದುಗನನ್ನು ಮರೆಮಾಡುವುದು ಇನ್ನೊಂದು.

‘ಮೇಲ್ ಕಂಪನಿಯ ಆಸ್ತಿ, ಓದುತ್ತಾರೆ, ಅದರಲ್ಲೇನು’ ಎಂದು ಹೇಳುವವರು ನಮ್ಮಲ್ಲೂ ಇದ್ದಾರೆ. ಅದರಲ್ಲಿ ಸತ್ಯ ಇಲ್ಲದಿಲ್ಲ. 2023ರ ವೈಯಕ್ತಿಕ ದತ್ತಾಂಶ ಕಾಯ್ದೆಯೂ ಉದ್ಯೋಗದ ಉದ್ದೇಶಗಳಿಗೆ, ಸಂಸ್ಥೆಯನ್ನು ನಷ್ಟದಿಂದ ಕಾಪಾಡಲು, ಒಪ್ಪಿಗೆ ಕೇಳದೆ ಮಾಹಿತಿ ಬಳಸಲು ಜಾಗ ಬಿಟ್ಟಿದೆ. ಆದರೆ ಇನ್ನೊಂದು ಕಡೆಯೂ ನೋಡಬೇಕು. ನಮ್ಮದೇ ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು ಇಳಿವಯಸ್ಸಿನಲ್ಲಿ ಆಧಾರ್ ವಿರುದ್ಧ ಹಾಕಿದ ಅರ್ಜಿಯಿಂದ, 2017ರ ಆಗಸ್ಟ್ 24ರಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳ ಪೀಠ ಖಾಸಗಿತನ ಮೂಲಭೂತ ಹಕ್ಕು ಎಂದು ಒಮ್ಮತದಿಂದ ಹೇಳಿತು. ಆಮೇಲೆ ಎರಡು ವಾರವೂ ಕಳೆದಿರಲಿಲ್ಲ, ಸೆಪ್ಟೆಂಬರ್ 5ರಂದು ಯುರೋಪಿನ ಮಾನವ ಹಕ್ಕುಗಳ ನ್ಯಾಯಾಲಯ ರೊಮೇನಿಯಾದ ಬರ್ಬುಲೆಸ್ಕು ಎಂಬ ನೌಕರನ ಪರ ತೀರ್ಪು ಕೊಟ್ಟಿತು. ಕೆಲಸಕ್ಕೆಂದು ತೆರೆದ ಯಾಹೂ ಮೆಸೆಂಜರಿನಲ್ಲಿ ಅವನು ಮನೆಯವರ ಜೊತೆ ಮಾತಾಡಿದ್ದನ್ನು ಕಂಪನಿ ದಾಖಲಿಸಿಕೊಂಡು ಕೆಲಸದಿಂದ ತೆಗೆದಿತ್ತು. ಸ್ವಂತ ಬಳಕೆ ಕೂಡದು ಎಂದು ಅವನಿಗೆ ಗೊತ್ತಿತ್ತು. ಆದರೆ ತನ್ನ ಮಾತುಗಳನ್ನೇ, ಇಷ್ಟರಮಟ್ಟಿಗೆ ಓದುತ್ತಾರೆ ಎಂದು ಮೊದಲೇ ಯಾರೂ ತಿಳಿಸಿರಲಿಲ್ಲ. ಕಂಪನಿ ಯಾವತ್ತೂ ಏನನ್ನೂ ನೋಡಬಾರದು ಎಂದು ಆ ನ್ಯಾಯಾಲಯ ಹೇಳಲಿಲ್ಲ. ಮುಂಚಿತವಾಗಿ ತಿಳಿಸಿದ್ದರೇ, ಎಷ್ಟರಮಟ್ಟಿಗೆ ನೋಡಿದರು, ಅದಕ್ಕೆ ತಕ್ಕ ಕಾರಣ ಇತ್ತೇ ಎಂದು ಕೇಳಿತು. ನನ್ನ ಕಿವಿಗೆ ಅದು ಜೇತವನದ ಕೆಮ್ಮಿನಂತೆಯೇ ಕೇಳಿಸಿತು.

ಹುಡುಗ ಏನು ಮಾಡಿದ ಎಂದು ಕೇಳುತ್ತೀರಿ. ಅವನು ಉಪದೇಶ ಮಾಡಲು ಹೋಗಲಿಲ್ಲ. ‘ಸರ್, ಎಚ್‌ಆರ್ ಒಪ್ಪಿಗೆಯ ಜೊತೆ ಒಂದು ಮೇಲ್ ಹಾಕಿಬಿಡಿ, ಮಾಡಿಕೊಡುತ್ತೇನೆ’ ಎಂದ. ಆ ಮೇಲ್ ಇದುವರೆಗೂ ಬಂದಿಲ್ಲ. ಎಲ್ಲರ ಮೇಲುಗಳ ಗುಟ್ಟು ಬೇಕಾದವನಿಗೆ ತನ್ನದೊಂದು ಮೇಲ್ ದಾಖಲೆಯಾಗುವುದು ಬೇಡವಾಗಿತ್ತು. ಹುಡುಗನ ಪ್ರಮೋಷನ್ ಈ ವರ್ಷ ಆ ಮುಖ್ಯಸ್ಥನ ಮಾತಿನ ಮೇಲೂ ನಿಂತಿದೆ. ಅದರ ಫಲ ಏನಾಗುತ್ತದೋ ನೋಡಬೇಕು.

ಈಗ ಅಕ್ಕನ ಪ್ರಶ್ನೆ. ಇದು ಕಷ್ಟದ್ದು.

ಅವರು ತಮ್ಮ ಕಚೇರಿ ಮೇಲಿನಿಂದ ಹೋಗುವ ಪ್ರತಿಯೊಂದರ ಬಿಸಿಸಿ ತಮ್ಮ ಸ್ವಂತ ವಿಳಾಸಕ್ಕೆ ಬರುವಂತೆ ಮಾಡಿಕೊಂಡಿದ್ದರು. ಯಾಕೆಂದರೆ ಹಿಂದೊಮ್ಮೆ ಒಂದು ವರದಿ ಕಳಿಸಿಯೇ ಇಲ್ಲ ಎಂದು ಅವರಿಗೆ ಕಾರಣ ಕೇಳಿ ನೋಟಿಸ್ ಕೊಟ್ಟಿದ್ದರು. ಕಳಿಸಿದ್ದು ಅವರಿಗೆ ಗೊತ್ತು, ಪಡೆದವರಿಗೂ ಗೊತ್ತು. ‘ಸೆಂಟ್’ ಫೋಲ್ಡರ್ ಇದೆಯಲ್ಲ ಎಂದು ನೀವು ಹೇಳಬಹುದು. ಆ ಫೋಲ್ಡರ್ ಕಚೇರಿಯದು. ಅಮಾನತಿನ ಆದೇಶ ಬಂದ ದಿನ ಸಂಜೆಯೊಳಗೆ ಲಾಗಿನ್ ಬಂದ್ ಆಗುತ್ತದೆ, ಆಮೇಲೆ ತನ್ನ ಪರವಾದ ಸಾಕ್ಷಿ ತನ್ನ ಮೇಲೆ ಆರೋಪ ಹೊರಿಸಿದವರ ಕೈಯಲ್ಲೇ ಇರುತ್ತದೆ. ನಮ್ಮವರಲ್ಲಿ ಕಚೇರಿ ಕೆಲಸ ಮಾಡಿದ ಯಾರನ್ನಾದರೂ ಕೇಳಿ, ಈ ಭಯ ಅವರಿಗೆ ಹೊಸದಲ್ಲ. ಬರೋಡದಲ್ಲಿ ಬಾಬಾಸಾಹೇಬರ ಮೇಜಿಗೆ ಜವಾನರು ಕಡತಗಳನ್ನು ದೂರದಿಂದ ಎಸೆಯುತ್ತಿದ್ದರು ಎಂಬುದನ್ನು ಅವರ ಜೀವನ ಚರಿತ್ರೆಯಲ್ಲಿ ಓದಿದ್ದೇವೆ. ಈಗ ಕಡತ ಎಸೆಯುವುದಿಲ್ಲ, ಕಾಣೆಯಾಗುತ್ತದೆ.

ಅಕ್ಕ ಕೇಳಿದ್ದು, ಇದು ಅದಿನ್ನಾದಾನವೇ, ಕೊಡದಿದ್ದದ್ದನ್ನು ತೆಗೆದುಕೊಂಡಂತೆಯೇ ಎಂದು.

ಮತ್ತೆ ಅದೇ 78ನೆಯ ನಿಯಮಕ್ಕೆ ಹೋಗೋಣ. ಯಾವುದು ತಪ್ಪಲ್ಲ ಎಂಬ ಪಟ್ಟಿ ಅಲ್ಲೇ ಇದೆ. ಕೇಳಿಸಿಕೊಂಡು ತಾನು ಜಗಳದಿಂದ ಹಿಂದೆ ಸರಿಯಬೇಕು, ಅದನ್ನು ಶಮನ ಮಾಡಬೇಕು, ಅಥವಾ ತನ್ನನ್ನು ತಾನು ಬಿಡಿಸಿಕೊಳ್ಳಬೇಕು ಎಂಬ ಉದ್ದೇಶದಿಂದ ಹೋದವನಿಗೆ ದೋಷವಿಲ್ಲ. ತನ್ನನ್ನು ತಾನು ಬಿಡಿಸಿಕೊಳ್ಳುವುದು! ಸುಳ್ಳು ಆರೋಪಕ್ಕೆ ಸಿಕ್ಕವನಿಗೆ ಕಿವಿಗೊಡುವ ಹಕ್ಕನ್ನು ವಿನಯವೇ ಕೊಟ್ಟಿದೆ. ಅಕ್ಕ ಕದ್ದು ಕೇಳಿಯೂ ಇಲ್ಲ. ಮಾತು ಅವರದೇ, ಬರೆದವರು ಅವರೇ. ಬಲವುಳ್ಳವನು ಬಲವಿಲ್ಲದವಳ ಮೇಲೆ ಇಡುವ ಗುಟ್ಟಿನ ಕಿವಿಗೂ, ಬಲವಿಲ್ಲದವಳು ತನ್ನ ಮಾತಿಗೆ ತಾನೇ ಇಟ್ಟುಕೊಳ್ಳುವ ಸಾಕ್ಷಿಗೂ ಒಂದೇ ಅಳತೆಗೋಲು ಹಿಡಿಯುವುದು ಸಮತೆ ಅಲ್ಲ ಎಂದು ನನ್ನ ಖಚಿತ ಅಭಿಪ್ರಾಯ.

ಆದರೂ ನಾನು ಅವರ ‘ತಾನಾಗಿ’ ಎಂಬ ಭಾಗವನ್ನು ಒಪ್ಪಲಿಲ್ಲ. ಅವರ ಕಚೇರಿಯಿಂದ ಫಲಾನುಭವಿಗಳ ಪಟ್ಟಿಗಳು ಹೋಗುತ್ತವೆ. ಜಾತಿ ಪ್ರಮಾಣಪತ್ರದ ಸಂಖ್ಯೆ, ಬ್ಯಾಂಕ್ ಖಾತೆ, ವಿಧವೆಯರ ವಿಳಾಸ ಎಲ್ಲ ಅದರಲ್ಲಿ ಇರುತ್ತದೆ. ಅಕ್ಕನಿಗೆ ಬೇಕಾದದ್ದು ತಾನು ಇಂಥ ದಿನ ಇಂಥ ಹೊತ್ತಿಗೆ ಕಳಿಸಿದೆ ಎಂಬ ಪುರಾವೆ ಮಾತ್ರ. ಆದರೆ ಅದರ ಜೊತೆಗೆ ನೂರಾರು ಬಡವರ ವಿವರ ಅವರ ಸ್ವಂತ ಮೇಲಿನಲ್ಲಿ ಬಂದು ಕೂತಿದೆ. ಆ ಜನರೂ ನಮ್ಮವರೇ. ಅವರಿಗಾಗಿ ಯಾರು ಕೆಮ್ಮಿದರು? ಮೇಲಾಗಿ, ಗುಟ್ಟಿನ ಮಾಹಿತಿ ಹೊರಗೆ ಸಾಗಿಸಿದಳು ಎಂಬ ಹೊಸ ಆರೋಪಕ್ಕೂ ಅದೇ ದಾರಿಯಾಗುತ್ತದೆ. ರಕ್ಷಣೆಗೆ ಕಟ್ಟಿದ ಬೇಲಿಯೇ ಸಾಕ್ಷಿ ಹೇಳುತ್ತದೆ.

ಕೂಟದಲ್ಲಿ ಬಿಸಿ ಚರ್ಚೆಯಾಯಿತು. ಒಬ್ಬ ಹಿರಿಯರು, ಹಳೆಯ ರವಾನೆ ವಹಿ ಇದೆಯಲ್ಲಮ್ಮ ಎಂದರು. ದಿನಾಂಕ, ಸಮಯ, ವಿಷಯ, ಯಾರಿಗೆ ಎಂದು ಬರೆದಿಟ್ಟುಕೊಳ್ಳುವುದು. ಒಳಗಿನ ವಿವರ ಬೇಡ. ಮುಖ್ಯ ಮೇಲುಗಳಿಗೆ ಮೇಲಧಿಕಾರಿಯನ್ನು ಬಹಿರಂಗವಾಗಿ ಸಿಸಿಯಲ್ಲಿ ಹಾಕುವುದು, ತಲುಪಿದೆ ಎಂಬ ಉತ್ತರ ಕೇಳುವುದು. ನಾಳೆ ಅವರು ಇಲ್ಲ ಎಂದರೆ 2005ರ ಮಾಹಿತಿ ಹಕ್ಕು ಕಾಯ್ದೆಯಲ್ಲಿ ಆ ದಿನಾಂಕದ ಮೇಲಿನ ಪ್ರತಿಯನ್ನೇ ಕೇಳುವುದು, ಮೂವತ್ತು ದಿನದಲ್ಲಿ ಉತ್ತರ ಕೊಡಬೇಕು. ವಹಿಯಲ್ಲಿ ನಿಖರ ಸಮಯವಿದ್ದರೆ ಅರ್ಜಿಗೆ ಬಲ ಬರುತ್ತದೆ. ನೋಟಿಸಿಗೆ ಸಂಬಂಧಪಟ್ಟ, ತನ್ನ ಮೇಲೆ ಆರೋಪ ಬರಬಹುದಾದ ಮೇಲುಗಳನ್ನು ಮಾತ್ರ ಒಂದೊಂದಾಗಿ, ಯೋಚಿಸಿ ಇಟ್ಟುಕೊಳ್ಳುವುದು. ಅಕ್ಕ ಆ ರೂಲ್ ತೆಗೆದರು. ಆದರೆ, ‘ಒಂದೊಂದನ್ನೂ ಯೋಚಿಸುವಷ್ಟು ಪುರುಸೊತ್ತು ನಮಗೆ ಯಾರು ಕೊಡುತ್ತಾರೆ ಸರ್? ಅವರು ಯೋಚಿಸದೆ ನೋಟಿಸ್ ಕೊಡುತ್ತಾರೆ, ನಾವು ಯೋಚಿಸಿ ಸಾಕ್ಷಿ ಇಡಬೇಕು’ ಎಂದರು. ಅದಕ್ಕೆ ನಮ್ಮ ಯಾರ ಬಳಿಯೂ ಉತ್ತರ ಇರಲಿಲ್ಲ.

1951ರ ಒಂದು ಘಟನೆ ಈ ಚರ್ಚೆಯುದ್ದಕ್ಕೂ ನನ್ನ ತಲೆಯಲ್ಲಿತ್ತು. ಹಿಂದೂ ಕೋಡ್ ಬಿಲ್ಲಿನ ಗತಿ ನೋಡಿ ಬಾಬಾಸಾಹೇಬರು ಮಂತ್ರಿಸ್ಥಾನಕ್ಕೆ ರಾಜೀನಾಮೆ ಕೊಟ್ಟರು. ಅಕ್ಟೋಬರಿನಲ್ಲಿ ಅದರ ಕಾರಣ ಹೇಳಲು ಸಂಸತ್ತಿನಲ್ಲಿ ನಿಂತಾಗ, ಹೇಳಿಕೆಯ ಪ್ರತಿಯನ್ನು ಮೊದಲೇ ಕೊಡಬೇಕೆಂದು ಡೆಪ್ಯುಟಿ ಸ್ಪೀಕರ್ ಪಟ್ಟು ಹಿಡಿದರು. ಇದು ತನ್ನ ಮಾತಿಗೆ ಮುಂಚಿತವಾಗಿ ಕತ್ತರಿ ಹಾಕುವ ದಾರಿ ಎಂದು ಬಾಬಾಸಾಹೇಬರು ಒಪ್ಪದೆ ಸಭೆಯಿಂದ ಹೊರನಡೆದರು. ಹೇಳಿಕೆಯನ್ನು ಪತ್ರಿಕೆಯವರ ಕೈಗೇ ಕೊಟ್ಟರು. ಪ್ರತಿ ಕೇಳಿದವರು ಎದುರಿಗೇ ಕೇಳಿದರು, ಆದ್ದರಿಂದ ಇವರಿಗೆ ಆಗದು ಎನ್ನಲು ಸಾಧ್ಯವಾಯಿತು. ಆ ಕಂಪನಿಯ ಹೆಣ್ಣುಮಗಳಿಗೆ ಹೊರನಡೆಯಲು ಬಾಗಿಲೇ ಇರುತ್ತಿರಲಿಲ್ಲ, ಏಕೆಂದರೆ ತನ್ನಿಂದ ಏನನ್ನೋ ಕೇಳುತ್ತಿದ್ದಾರೆ ಎಂಬುದೇ ಅವಳಿಗೆ ತಿಳಿಯುತ್ತಿರಲಿಲ್ಲ.

ಇನ್ನೊಂದು ಉಳಿದಿದೆ. ನೀವು ಕೇಳದೆಯೇ ನಿಮಗೆ ಯಾರೋ ಇನ್ನೊಬ್ಬರ ಮೇಲಿನ ಬಿಸಿಸಿ ಕಳಿಸತೊಡಗಿದರೆ? ನಮ್ಮ ಒಬ್ಬ ಬಂಧುವಿಗೆ ಹೀಗಾಗಿದೆ, ಮ್ಯಾನೇಜರ್ ಒಬ್ಬರು ಸಹೋದ್ಯೋಗಿಗೆ ಬೈದು ಬರೆಯುವ ಮೇಲುಗಳೆಲ್ಲ ಇವರಿಗೂ ಬರುತ್ತಿವೆ. ಯಾಕೆಂದು ಇವರಿಗೆ ಗೊತ್ತಿಲ್ಲ, ಬಹುಶಃ ತಮ್ಮ ಕಡೆ ಎಳೆದುಕೊಳ್ಳಲು ಇರಬೇಕು. ಇವರು ಮರೆಯಲ್ಲಿ ಹೋಗಿ ನಿಂತವರಲ್ಲ, ನಿಂತ ಜಾಗಕ್ಕೇ ಮಾತು ಬಂದಿದೆ. ವಿನಯದಲ್ಲಿ ಹೇಳಿದ ಸನ್ನಿವೇಶ ಸರಿಯಾಗಿ ಇದೇ. ಇವರು ಮ್ಯಾನೇಜರಿಗೆ ಒಂದೇ ಸಾಲು ಬರೆದರು, ಇವು ನನಗೂ ಬರುತ್ತಿವೆ, ನನ್ನನ್ನು ಸಿಸಿಯಲ್ಲಿ ಹಾಕಿ, ಇಲ್ಲವೇ ಬಿಟ್ಟುಬಿಡಿ ಎಂದು. ಆ ಸಹೋದ್ಯೋಗಿಗೂ ತಿಳಿಸಬೇಕೇ, ತಿಳಿಸಿದರೆ ಅದು ಜಗಳ ಹಚ್ಚಿದಂತೆ ಆಗುತ್ತದೆಯೇ ಎಂದು ಈಗ ಯೋಚನೆಯಲ್ಲಿದ್ದಾರೆ. ತಿಳಿಸಬೇಕು ಎಂಬುದು ನನ್ನ ನಿಲುವು. ಈ ಭಾನುವಾರ ಅವರೂ ಬರುತ್ತಾರೆ. ಬೇರೆ ಅಭಿಪ್ರಾಯ ಇದ್ದವರು ತಪ್ಪದೆ ಬನ್ನಿ.

ಜೈ ಭೀಮ್. ನಮೋ ಬುದ್ಧಾಯ.